ಮಾತಿನಿಂದ ಎದ್ದ ರಥ

ಕತೆಗಾರರು ಕಲ್ಪಿಸಿಕೊಂಡ ಯಂತ್ರತಂತ್ರಗಳಲ್ಲಿ ಒಂದು ಬಹಳ ಹಳೆಯದು. ಸದ್ದು ಹೊರಡಿಸಿದರೆ ಸಾಕು, ಬೇಕಾದ ವಸ್ತು ಕಣ್ಣೆದುರು ಬಂದು ನಿಲ್ಲಬೇಕು. ಇಂದಿನ ವೈಜ್ಞಾನಿಕ ಕತೆಗಳಲ್ಲಿ ಇದಕ್ಕೆ ತಂತಿ, ಗುಂಡಿ, ಪರದೆಗಳಿರುತ್ತವೆ. ಹಿಂದಿನ ಕತೆಗಳಿಗೆ ಬಾಯೊಂದೇ ಸಾಕಾಗಿತ್ತು. ಅಲಿಬಾಬಾನ ಕತೆಯಲ್ಲಿ ಒಂದು ಮಾತಿಗೆ ಬಂಡೆ ಸರಿಯುತ್ತದೆ. ಅವನ ಅಣ್ಣ ಕಾಸಿಂ ಗುಹೆಯನ್ನು ಹೊಕ್ಕು, ಚಿನ್ನದ ರಾಶಿಯ ನಡುವೆ ನಿಂತು, ಆ ಮಾತನ್ನೇ ಮರೆಯುತ್ತಾನೆ. ಎಳ್ಳಿನ ಹೆಸರು ನೆನಪಾಗದೆ ಬೇರೆ ಬೇರೆ ಧಾನ್ಯಗಳ ಹೆಸರನ್ನು ಕೂಗುತ್ತಾನೆ. ಬಾಗಿಲು ತೆರೆಯುವುದಿಲ್ಲ, ಕಳ್ಳರ ಕೈಗೆ ಸಿಕ್ಕಿ ಸಾಯುತ್ತಾನೆ. ಮಹಾಭಾರತದ ಕರ್ಣನ ಕೊನೆಯೂ ಹೆಚ್ಚುಕಡಿಮೆ ಇಂಥದೇ. ಮಂತ್ರ ಉಚ್ಚರಿಸಿದರೆ ಅಸ್ತ್ರ ಬಂದು ಬಿಲ್ಲಿನಲ್ಲಿ ಕೂರುತ್ತದೆ ಎಂಬುದು ಆ ಲೋಕದ ನಿಯಮ. ಬೇಕಾದ ಹೊತ್ತಿಗೆ ಮಂತ್ರ ನೆನಪಿಗೆ ಬಾರದಿರಲಿ ಎಂಬುದು ಅವನಿಗೆ ತಗುಲಿದ ಶಾಪ. ಅರಬಿ ಕತೆಯ ಗುಹೆಯಲ್ಲೂ ಕುರುಕ್ಷೇತ್ರದ ಕಣದಲ್ಲೂ ಸಾಯುವವನು ಶಬ್ದವನ್ನು ಕಳೆದುಕೊಂಡವನೇ.

ವಿಜ್ಞಾನ ಈ ಕನಸಿನ ಹತ್ತಿರ ಒಂದಿಷ್ಟು ದೂರ ಹೋಗಿದೆ. ಜರ್ಮನಿಯ ಕ್ಲಾಡ್ನಿ ಎಂಬವನು 1787ರಲ್ಲಿ ಪ್ರಕಟಿಸಿದ ಪುಸ್ತಕದಲ್ಲಿ ಒಂದು ಪ್ರಯೋಗವನ್ನು ವಿವರಿಸಿದ. ಲೋಹದ ತಗಡಿನ ಮೇಲೆ ಮರಳು ಉದುರಿಸಿ, ಅಂಚಿಗೆ ಪಿಟೀಲಿನ ಕಮಾನು ಎಳೆದರೆ, ಮರಳು ತಾನೇ ಸರಿದು ಚಂದದ ರಂಗೋಲಿಗಳಾಗಿ ನಿಲ್ಲುತ್ತಿತ್ತು. ಈಗ ಕಿವಿಗೆ ಕೇಳದಷ್ಟು ಎತ್ತರದ ಶ್ರುತಿಯ ಅಲೆಗಳಿಂದ ನೀರಿನ ಹನಿಯನ್ನೋ ಹಗುರ ಮಣಿಯನ್ನೋ ಗಾಳಿಯಲ್ಲಿ ತೇಲಿಸಿ ನಿಲ್ಲಿಸುವ ಉಪಕರಣಗಳು ಪ್ರಯೋಗಶಾಲೆಗಳಲ್ಲಿವೆ. ಆದರೆ ಇಲ್ಲೆಲ್ಲ ಶಬ್ದವು ಇದ್ದ ಮರಳನ್ನು ಜೋಡಿಸಿತು, ಇದ್ದ ಹನಿಯನ್ನು ಎತ್ತಿತು. ಇಲ್ಲದ್ದನ್ನು ತರಲಿಲ್ಲ. ಇಲ್ಲದ್ದನ್ನು ಒಂದು ಅಪ್ಪಣೆಯಿಂದ ಉಂಟುಮಾಡುವುದು ಸೃಷ್ಟಿಕರ್ತನಿಗೆ ಮಾತ್ರ ಸಲ್ಲುವ ಕೆಲಸವೆಂದು ಮುಸ್ಲಿಮರು ನಂಬುತ್ತಾರೆ. ಶಬ್ದತತ್ವವೇ ಜಗತ್ತಾಗಿ ತೋರಿತೆಂದು ಭರ್ತೃಹರಿಯ ಪರಂಪರೆ ಹೇಳುತ್ತದೆ. ಮನುಷ್ಯನ ಪಾಲಿಗೆ ಉಳಿದಿರುವುದು ಇದಕ್ಕಿಂತ ಸಣ್ಣ ಕೆಲಸ: ಕೇಳುವವನ ಮನಸ್ಸಿನಲ್ಲಿ ವಸ್ತುವನ್ನು ಎಬ್ಬಿಸಿ ನಿಲ್ಲಿಸುವುದು. ಈ ಸಣ್ಣ ಕೆಲಸವನ್ನು ಒಂದು ವಿದ್ಯೆಯಾಗಿ ಬೆಳೆಸಿದ ನಾಡುಗಳಲ್ಲಿ ಉತ್ತರ ಕನ್ನಡದ ಘಟ್ಟದ ಮೇಲಿನ ಶಿರಸಿ, ಸಿದ್ದಾಪುರ, ಯಲ್ಲಾಪುರ ಸೀಮೆಗಳೂ ಸೇರಿವೆ. ಆ ವಿದ್ಯೆಯ ಹೆಸರು ತಾಳಮದ್ದಳೆ.

ತಾಳಮದ್ದಳೆಯನ್ನು ನೋಡದ ಓದುಗರಿಗಾಗಿ ಎರಡು ಮಾತು. ಯಕ್ಷಗಾನದ ಆಟದಲ್ಲಿ ವೇಷ, ಬಣ್ಣ, ಕುಣಿತ, ರಂಗಸ್ಥಳ ಇರುತ್ತವೆ. ತಾಳಮದ್ದಳೆಯಲ್ಲಿ ಇವು ಯಾವುವೂ ಇಲ್ಲ. ಹಾಸಿದ ಜಮಖಾನದ ಮೇಲೆ ತಾಳ ಹಿಡಿದ ಭಾಗವತ. ಅವನ ಮಗ್ಗುಲಿಗೆ ಮದ್ದಳೆ, ಚಂಡೆ, ಶ್ರುತಿ ಪೆಟ್ಟಿಗೆ. ಎರಡು ಕಡೆ ಎದುರುಬದುರಾಗಿ ಕುಳಿತ ಅರ್ಥಧಾರಿಗಳು. ಭಾಗವತ ಪ್ರಸಂಗದ ಒಂದು ಪದ್ಯವನ್ನು ಹಾಡುತ್ತಾನೆ. ಪದ್ಯ ನಿಂತ ಮೇಲೆ ಅರ್ಥಧಾರಿ ಪಾತ್ರವಾಗಿ ಮಾತಾಡತೊಡಗುತ್ತಾನೆ. ಆ ಮಾತು ಎಲ್ಲೂ ಬರೆದಿಟ್ಟದ್ದಲ್ಲ. ನಾಲ್ಕು ಸಾಲಿನ ಪದ್ಯಕ್ಕೆ ಅರ್ಧ ಗಂಟೆಯ ಅರ್ಥ ಬರಬಹುದು, ಎರಡೇ ವಾಕ್ಯದಲ್ಲಿ ಮುಗಿಯಲೂಬಹುದು. ಎದುರಿನವನು ಏನು ಹೇಳುತ್ತಾನೆಂದು ಮೊದಲೇ ಗೊತ್ತಿರುವುದಿಲ್ಲ. ಪಂಚೆ, ಅಂಗಿ, ಹೆಗಲ ಮೇಲೊಂದು ಶಾಲು ಹಾಕಿಕೊಂಡು, ಬಾಯಲ್ಲಿದ್ದ ಕವಳ ಉಗುಳಿ ಬಂದು ಕೂತ ಮನುಷ್ಯ ಕೌರವನಾಗಬೇಕು. ಎದುರು ಕೂತ ಮಾಸ್ತರರು ಕೃಷ್ಣನಾಗಬೇಕು.

ಬಯಲಾಟದ ಮೇಳಗಳ ತಿರುಗಾಟ ಮಳೆಗಾಲಕ್ಕೆ ನಿಲ್ಲುತ್ತದೆ. ಘಟ್ಟದ ಮೇಲೆ ಜಡಿಮಳೆ ಹಿಡಿದಾಗ, ತೋಟದ ಕೆಲಸ ತಗ್ಗಿದಾಗ, ಮನೆಯ ಜಗಲಿಗಳಲ್ಲಿ, ದೇವಸ್ಥಾನದ ಚಂದ್ರಶಾಲೆಗಳಲ್ಲಿ ಕೂಟಗಳು ಸೇರುತ್ತವೆ. ಇದು ಇಂದು ನಿನ್ನೆಯ ರೂಢಿಯಲ್ಲ. ಬಳ್ಳಾರಿ ಸೀಮೆಯ ಕುರುಗೋಡಿನ 1556ರ ಶಾಸನದಲ್ಲಿ, ದೇವಾಲಯದಲ್ಲಿ ತಾಳಮದ್ದಳೆ ನಡೆಸುವವರಿಗೆ ಭೂಮಿ ಬಿಟ್ಟುಕೊಟ್ಟ ಉಲ್ಲೇಖವಿದೆ. ಶಬ್ದದ ಕೆಲಸಕ್ಕೆ ನೆಲವೇ ಬಂದ ದಾಖಲೆಯಿದು. ಹೊಸ್ತೋಟ ಮಂಜುನಾಥ ಭಾಗವತರು, ನೆಬ್ಬೂರು ನಾರಾಯಣ ಭಾಗವತರು, ಅರ್ಥಗಾರಿಕೆಯಲ್ಲಿ ಕೆರೇಕೈ ಕೃಷ್ಣ ಭಟ್ಟರು, ಅವರ ಮಗ ಸಂಸ್ಕೃತ ವಿದ್ವಾಂಸ ಉಮಾಕಾಂತ ಭಟ್ಟರು, ಇವರೆಲ್ಲ ಈ ಸೀಮೆಯ ಕೊಡುಗೆ.

ಮಾತಿನಿಂದ ವಸ್ತು ಏಳುವುದು ಹೇಗೆ? ಇದಕ್ಕೆ 'ಕರ್ಣಪರ್ವ'ಕ್ಕಿಂತ ಒಳ್ಳೆಯ ಉದಾಹರಣೆ ಇಲ್ಲ. ಮಳೆಗಾಲದ ಕೂಟಗಳಲ್ಲಿ ಮತ್ತೆ ಮತ್ತೆ ಬರುವ ಪ್ರಸಂಗವಿದು. ಇದರಲ್ಲಿ ರಥ ಎರಡು ಸಲ ನೆಲಕ್ಕೆ ಇಳಿಯುತ್ತದೆ. ಮೊದಲು ಅರ್ಜುನನ ರಥ. ಕರ್ಣ ಬಿಟ್ಟ ಸರ್ಪಾಸ್ತ್ರ ಬರುತ್ತಿದ್ದಂತೆ ಕೃಷ್ಣ ಕಾಲಿನಿಂದ ಒತ್ತಿ ರಥವನ್ನು ತಗ್ಗಿಸುತ್ತಾನೆ. ಕೊರಳಿಗಿಟ್ಟ ಗುರಿ ತಪ್ಪಿ ಬಾಣ ಕಿರೀಟಕ್ಕೆ ತಗಲುತ್ತದೆ. ಆಮೇಲೆ ಕರ್ಣನ ರಥ. ಅದರ ಗಾಲಿಯನ್ನು ಭೂಮಿ ನುಂಗುತ್ತದೆ. ಒಂದು ತಗ್ಗುವಿಕೆ ಉಳಿಸುವುದಕ್ಕೆ, ಇನ್ನೊಂದು ಕೊಲ್ಲುವುದಕ್ಕೆ. ಬಯಲಾಟದಲ್ಲಿ ಇದನ್ನು ತೋರಿಸಲು ಕಾಲಿದೆ, ಕೈಯಿದೆ, ಕುಣಿತವಿದೆ. ತಾಳಮದ್ದಳೆಯಲ್ಲಿ ಜಮಖಾನದ ಮೇಲೆ ಕೂತವನು ಕೂತಲ್ಲೇ ಎರಡು ರಥ, ಎರಡು ಬಗೆಯ ಮಣ್ಣು, ಎರಡು ಬಗೆಯ ಇಳಿತವನ್ನು ಬೇರೆಬೇರೆಯಾಗಿ ಕಾಣಿಸಬೇಕು. ಒಳ್ಳೆಯ ಅರ್ಥಧಾರಿ ಇಲ್ಲಿ ಗಾಲಿಯ ವರ್ಣನೆಗೆ ಹೋಗುವುದಿಲ್ಲ. ಕುದುರೆಗಳು ಯಾಕೆ ನಿಂತವು ಎಂದು ಕೇಳುತ್ತಾನೆ. ಚಾವಟಿ ಎತ್ತಿದರೂ ಮುಂದೆ ಹೋಗಲೊಲ್ಲವು. ಬಗ್ಗಿ ನೋಡುತ್ತಾನೆ. ಸಾರಥಿಯನ್ನು ಕರೆಯುತ್ತಾನೆ, ಮುನಿದು ಇಳಿದುಹೋದ ಶಲ್ಯ ಅಲ್ಲಿಲ್ಲ. ಆ ಕರೆಗೆ ಉತ್ತರ ಬಾರದ ಎರಡು ಕ್ಷಣದ ಮೌನದಲ್ಲಿ ಗಾಲಿ ಹೂತಿರುವುದು ಕೇಳುಗನಿಗೆ ಕಾಣುತ್ತದೆ. ಗಾಲಿ ಎಂಬ ಮಾತು ಇನ್ನೂ ಬಂದೇ ಇರುವುದಿಲ್ಲ.

ಮಾತಿನ ಈ ಕೆಲಸಕ್ಕೆ ಹಿಮ್ಮೇಳ ನೆಲ ಹಾಕಿಕೊಡುತ್ತದೆ. ಮದ್ದಳೆಯ ಬಲಮುಖದ ಮೇಲೆ ಹಚ್ಚಿದ ಕಪ್ಪು ಕರಣೆಯನ್ನು ನಾವು ಅಲಂಕಾರವೆಂದು ತಿಳಿದಿರಬಹುದು. ನಮ್ಮ ದೇಶದ ಚರ್ಮವಾದ್ಯಗಳ ಈ ಕರಣೆ ಏನು ಮಾಡುತ್ತದೆಂಬುದನ್ನು ಸಿ.ವಿ. ರಾಮನ್ ಅಭ್ಯಾಸ ಮಾಡಿದರು. 1920ರಲ್ಲಿ 'ನೇಚರ್' ಪತ್ರಿಕೆಯಲ್ಲಿ ಸಹಲೇಖಕರೊಬ್ಬರ ಜೊತೆ ಅದನ್ನು ಪ್ರಕಟಿಸಿದರು. ಸಾಮಾನ್ಯ ಚರ್ಮದ ಹೊದಿಕೆ ಬಡಿದಾಗ ಬರುವ ಉಪಸ್ವರಗಳು ಒಂದಕ್ಕೊಂದು ಹೊಂದುವುದಿಲ್ಲ, ಆದ್ದರಿಂದ ಅದು ಬರೀ ಸದ್ದಾಗುತ್ತದೆ. ಕರಣೆಯ ಭಾರ ಆ ಉಪಸ್ವರಗಳನ್ನು ತಂತಿವಾದ್ಯದಲ್ಲಿರುವಂತೆ ಕ್ರಮಕ್ಕೆ ತರುತ್ತದೆ, ಆದ್ದರಿಂದ ಅದು ಸ್ವರವಾಗುತ್ತದೆ. ಮದ್ದಳೆ ಭಾಗವತನ ಶ್ರುತಿಗೆ ಕೂಡಿ ನುಡಿಯಲು ಇದೇ ಕಾರಣ. ಸದ್ದನ್ನು ನುಡಿಯಾಗಿಸುವ ಗುಟ್ಟು ಹೆಸರಿಲ್ಲದ ವಾದ್ಯಗಾರರಿಗೆ ಎಷ್ಟೋ ಹಿಂದೆಯೇ ತಿಳಿದಿತ್ತು.

ಆದರೆ ಭಾಗವತ, ಮದ್ದಳೆ, ಅರ್ಥಧಾರಿ ಮೂವರೂ ಸೇರಿದರೂ ರಥ ಪೂರ್ತಿ ಏಳುವುದಿಲ್ಲ. ಎದುರು ಕೂತವನು ಅದನ್ನು ಕಾಣಬೇಕು. ಕರ್ಣನ ಗಾಲಿ ಹೂತಿತೆಂದ ಮೇಲೆ ಕೃಷ್ಣನ ಅರ್ಥ ಹೇಳುವವನು ಆ ಹೂತ ಗಾಲಿಯನ್ನು ಒಪ್ಪಿಕೊಂಡೇ ಮಾತಾಡಬೇಕು. ಅವನು ಅದನ್ನು ಬಿಟ್ಟು ಬೇರೆ ವಾದಕ್ಕೆ ತೊಡಗಿದರೆ ರಥ ಅಲ್ಲೇ ಕರಗಿಹೋಗುತ್ತದೆ. ಜಗಲಿಯ ಕೇಳುಗನೂ ಒಪ್ಪಬೇಕು. ಈ ಕಲೆಯಲ್ಲಿ ವಸ್ತುವೆಂದರೆ ಒಬ್ಬನ ಬಾಯಿಂದ ಹೊರಟು ಹಲವರ ಒಪ್ಪಿಗೆಯಲ್ಲಿ ನಿಂತದ್ದು. ಕತೆಯ ಯಂತ್ರಕ್ಕೂ ತಾಳಮದ್ದಳೆಗೂ ಇರುವ ದೊಡ್ಡ ವ್ಯತ್ಯಾಸ ಇದು. ಯಂತ್ರಕ್ಕೆ ಕೇಳುಗ ಬೇಕಾಗಿಲ್ಲ. ಇಲ್ಲಿ ಕೇಳುಗನಿಲ್ಲದೆ ಏನೂ ಇಲ್ಲ.

ಹೊಸ್ತೋಟ ಮಂಜುನಾಥ ಭಾಗವತರು ದೃಷ್ಟಿಯಿಲ್ಲದ ಮಕ್ಕಳಿಗೆ ಯಕ್ಷಗಾನ ಕಲಿಸಿದ ವಿಚಾರ ಇಲ್ಲಿ ನೆನಪಾಗುತ್ತದೆ. ನೂರಾರು ಪ್ರಸಂಗಗಳನ್ನು ರಚಿಸಿ, ಸನ್ಯಾಸಿಯಂತೆ ಬದುಕಿ, 2020ರಲ್ಲಿ ತೀರಿಕೊಂಡ ಈ ಹಿರಿಯರು ಕಣ್ಣಿಗೆ ಸಂಬಂಧಿಸಿದ್ದೆಂದು ನಾವು ತಿಳಿದ ಕಲೆಯನ್ನು ಕಣ್ಣಿಲ್ಲದವರ ಮೈಗೆ ತಂದರು. ಬಿಲ್ಲು ಎಂದರೇನೆಂದು ನೋಡದವನಿಗೆ ಅದನ್ನು ಎತ್ತುವುದನ್ನು ಕಲಿಸಬೇಕಾದರೆ ತಾಳದ ಲೆಕ್ಕ, ಮಾತಿನ ತೂಕ, ಕೈಹಿಡಿದು ತಿದ್ದುವ ಸ್ಪರ್ಶ ಇಷ್ಟೇ ಸಾಧನ. ಈ ಕಲೆಯ ವಸ್ತುಗಳು ಮೂಲತಃ ಕಿವಿಯವು ಎಂಬುದಕ್ಕೆ ಇದಕ್ಕಿಂತ ಬಲವಾದ ಸಾಕ್ಷಿ ಬೇಕಿಲ್ಲ.

ಇಷ್ಟು ಹೇಳಿದ ಮೇಲೆ ದೂರನ್ನೂ ಹೇಳಬೇಕು. ಕಳೆದ ಕೆಲವು ದಶಕಗಳಲ್ಲಿ ತಾಳಮದ್ದಳೆಯಲ್ಲಿ ವಾದ ಬೆಳೆದು ವಸ್ತು ಸೊರಗಿದೆ. ಶೇಣಿ ಗೋಪಾಲಕೃಷ್ಣ ಭಟ್ಟರು (1918-2006) ತರ್ಕ ಮತ್ತು ವಿದ್ವತ್ತಿನಿಂದ ಪಾತ್ರಗಳನ್ನು ಹೊಸದಾಗಿ ಕಟ್ಟಿದರು. ದೇರಾಜೆ ಸೀತಾರಾಮಯ್ಯನವರು ಕಡಿಮೆ ಮಾತಿನಲ್ಲಿ ಹೆಚ್ಚು ಬೆಳಕು ಹಾಯಿಸಿದರು. ಇಬ್ಬರೂ ಘಟ್ಟದ ಕೆಳಗಿನವರು, ಆದರೆ ಮೇಲಿನ ಕೂಟಗಳೂ ಇವರನ್ನು ಕೇಳಿ ಬೆಳೆದವು. ತೊಂದರೆ ಬಂದದ್ದು ಶೇಣಿಯವರ ವಿದ್ವತ್ತನ್ನು ಮಾತ್ರ ಅನುಕರಿಸಿ ಅವರ ಪಾತ್ರದೃಷ್ಟಿಯನ್ನು ಬಿಟ್ಟವರಿಂದ. ಈಗ ಎಷ್ಟೋ ಕೂಟಗಳಲ್ಲಿ ಕರ್ಣನ ಗಾಲಿ ಹೂತ ಕೂಡಲೇ ಧರ್ಮಶಾಸ್ತ್ರದ ಚರ್ಚೆ ಶುರುವಾಗುತ್ತದೆ. ಶ್ಲೋಕಕ್ಕೆ ಶ್ಲೋಕ, ಅದಕ್ಕೊಂದು ಪಾಠಾಂತರ. ಕೇಳುಗರಿಂದ ಭೇಷ್ ಬರುತ್ತದೆ. ಆದರೆ ಅರ್ಧ ಗಂಟೆಯ ಮೇಲೆ ಗಾಲಿ ಎಲ್ಲಿದೆ ಎಂದು ಹುಡುಕಿದರೆ ಸಿಗುವುದಿಲ್ಲ. ಮಣ್ಣೂ ಇಲ್ಲ, ಕುದುರೆಯೂ ಇಲ್ಲ. ಇಬ್ಬರು ಪಂಡಿತರು ಜಮಖಾನದ ಮೇಲೆ ಕೂತಿದ್ದಾರೆ, ಅಷ್ಟೆ. ಗೆಲ್ಲುವ ಆಸೆ ಬಂದ ಕಡೆ ಎದುರಾಳಿಯ ವಸ್ತುವನ್ನು ಒಪ್ಪುವ ಸೌಜನ್ಯ ಹೋಗುತ್ತದೆ. ಸೌಜನ್ಯ ಹೋದರೆ ಈ ಕಲೆಯ ಯಂತ್ರವೇ ಕೆಟ್ಟಿತು.

ಶಬ್ದದ ಮೇಲೆ ಹಕ್ಕು ಯಾರದು ಎಂಬ ಪ್ರಶ್ನೆ ಇದಕ್ಕಿಂತ ಆಳದ್ದು. ಅದನ್ನು ಕೇಳುವುದಕ್ಕೆ ಹೊರಗಿನ ಸಿದ್ಧಾಂತ ಬೇಕಾಗಿಲ್ಲ. ಕರ್ಣಪರ್ವವೇ ಅದನ್ನು ಕೇಳುತ್ತದೆ. ಸೂತನ ಮನೆಯಲ್ಲಿ ಬೆಳೆದ ಹುಡುಗನಿಗೆ ಅಸ್ತ್ರದ ಮಂತ್ರ ಬೇಕಾಗಿತ್ತು. ಹುಟ್ಟನ್ನು ಹೇಳಿದರೆ ಅದು ಸಿಗುವಂತಿರಲಿಲ್ಲ. ಬ್ರಾಹ್ಮಣನೆಂದು ಸುಳ್ಳು ಹೇಳಿ ಪರಶುರಾಮನಲ್ಲಿ ಕಲಿತ. ತೊಡೆಯನ್ನು ಹುಳು ಕೊರೆದರೂ ಅಲುಗದೆ ಕೂತಿದ್ದೇ ಅವನನ್ನು ಹಿಡಿದುಕೊಟ್ಟಿತು. ನೋವು ಸಹಿಸಿದ್ದಕ್ಕೆ ಸಿಕ್ಕಿದ್ದು ಶಾಪ: ಕಲಿತ ಶಬ್ದ ಬೇಕಾದಾಗ ಬಾರದು. ಮಹಾಭಾರತದಲ್ಲಿ ಶಬ್ದದಿಂದ ವಸ್ತುವನ್ನು ಕರೆಯುವ ವಿದ್ಯೆಗೆ ಹುಟ್ಟಿನ ಬೀಗ ಹಾಕಿತ್ತು ಎಂಬುದನ್ನು ಇಷ್ಟು ನೇರವಾಗಿ ಹೇಳುವ ಕತೆ ಇನ್ನೊಂದಿಲ್ಲ. ಈ ಕತೆಯನ್ನು ಮಳೆಗಾಲ ಮಳೆಗಾಲಕ್ಕೂ ಹೇಳುವ ಜಗಲಿಯ ಮೇಲೆ ಕೂತವರು ಯಾರು, ಅಂಗಳದಂಚಿನಲ್ಲಿ ಕಂಬಳಿ ಕೊಪ್ಪೆ ಹಾಕಿಕೊಂಡು ನಿಂತು ಕೇಳಿದವರು ಯಾರು ಎಂದು ಕೇಳಲೇಬೇಕಾಗುತ್ತದೆ.

ಈ ಮೂರು ತಾಲೂಕುಗಳಲ್ಲಿ ತಾಳಮದ್ದಳೆಯನ್ನು ಬಹುಮಟ್ಟಿಗೆ ಸಾಕಿದವರು ಅಡಿಕೆ ತೋಟದ ಹವ್ಯಕರು. ಆ ಋಣವನ್ನು ಕನ್ನಡ ಮರೆಯುವಂತಿಲ್ಲ. ತೋಟದಲ್ಲಿ ಕೊನೆ ಇಳಿಸಿದ, ಮಣ್ಣು ಹೊತ್ತ ಜನರೂ ಕೇಳುಗರಾಗಿದ್ದರು. ಕೇಳುಗನಿಲ್ಲದೆ ರಥ ಏಳುವುದಿಲ್ಲವೆಂದ ಮೇಲೆ ಅಂಗಳದವರೂ ಆ ರಥವನ್ನು ಎತ್ತಿದವರೇ. ಅವರ ಹೆಸರು ಆಮಂತ್ರಣ ಪತ್ರಿಕೆಯ ಅರ್ಥಧಾರಿಗಳ ಸಾಲಿಗೆ ಬಂದದ್ದು ಅಪರೂಪ. ಇತ್ತೀಚೆಗೆ ಹೆಂಗಸರ ಕೂಟಗಳು ಹುಟ್ಟಿಕೊಂಡಿವೆ. ಶತಮಾನಗಳ ಕಾಲ ಬಾಗಿಲ ಹಿಂದೆ ನಿಂತು ಕೇಳಿದವರು ಈಗ ಮುಂದೆ ಬಂದು ದ್ರೌಪದಿಯಾಗಿ ಮಾತ್ರವಲ್ಲ, ಭೀಷ್ಮನಾಗಿಯೂ ಮಾತಾಡುತ್ತಿದ್ದಾರೆ. ಜಗಲಿಯ ಮೆಟ್ಟಿಲು ಹತ್ತಲು ಸಾಧ್ಯವಿದೆ ಎಂಬುದಕ್ಕೆ ಇದು ಗುರುತು.

ಅಂಗಳದಲ್ಲಿ ನಿಂತವರಲ್ಲಿ ಸಿದ್ದಿಗಳಿದ್ದರು. ಪೋರ್ಚುಗೀಸರ ಕಾಲದಲ್ಲಿ ಆಫ್ರಿಕಾದಿಂದ ಗುಲಾಮರಾಗಿ ಗೋವೆಗೆ ಬಂದು, ತಪ್ಪಿಸಿಕೊಂಡು ಘಟ್ಟದ ಕಾಡು ಸೇರಿದವರ ಮಕ್ಕಳು ಮೊಮ್ಮಕ್ಕಳು ಯಲ್ಲಾಪುರ, ಹಳಿಯಾಳ, ಮುಂಡಗೋಡ, ಅಂಕೋಲಾ, ಶಿರಸಿ ತಾಲೂಕುಗಳಲ್ಲಿ ಹರಡಿದ್ದಾರೆ. ಇವರಲ್ಲಿ ಹಿಂದೂ, ಮುಸ್ಲಿಂ, ಕ್ರೈಸ್ತ ಮೂರೂ ಮತದವರಿದ್ದಾರೆ; ಮತ ಬೇರೆಯಾದರೂ ಸಿದ್ದಿತನ ಒಂದೇ. ಉತ್ತರ ಕನ್ನಡದ ಸಿದ್ದಿಗಳಿಗೆ ಪರಿಶಿಷ್ಟ ಪಂಗಡದ ಮಾನ್ಯತೆ ಬಂದದ್ದು 2003ರಲ್ಲಿ. ಪೂರ್ವಜರ ಆಫ್ರಿಕಾದ ನುಡಿಗಳು ಇವರ ಬಾಯಿಂದ ಅಳಿದುಹೋಗಿವೆ. ಆಡುವುದು ಕೊಂಕಣಿ, ಮರಾಠಿ, ಕನ್ನಡ ಬೆರೆತ ಮಾತು. ಅಳಿಯದೆ ಉಳಿದದ್ದು ಡಮಾಮಿಯ ಬಡಿತ. ಈ ಚರ್ಮವಾದ್ಯದ ಹೆಸರಿನ ಹಿಂದೆ ದೊಡ್ಡ ನಗಾರಿಗೆ ಸಲ್ಲುವ ಪಾರಸಿಯ 'ದಮಾಮಾ' ಕೇಳಿಸುತ್ತದೆ. ಗುಜರಾತಿನ ರತನ್‌ಪುರದಲ್ಲಿ ಬಾವಾ ಗೋರ್ ದರ್ಗಾದೆದುರು ಅಲ್ಲಿನ ಸಿದ್ದಿಗಳು ಧಮಾಲ್ ಆಡುವಾಗಲೂ ಇದರ ನೆಂಟತನ ಕಿವಿಗೆ ಬೀಳುತ್ತದೆ. ತಾಳಮದ್ದಳೆ ರಥವನ್ನು ಎಬ್ಬಿಸಿದರೆ ಡಮಾಮಿ ಊರನ್ನು ಎಬ್ಬಿಸುತ್ತದೆ. ಯಾರೂ ಕಂಡಿರದ, ಹೆಸರೂ ನೆನಪಿರದ ಊರು. ನುಡಿ ಮರೆತವರಿಗೆ ಲಯವೇ ದಾಖಲೆ.

ಯಲ್ಲಾಪುರ ತಾಲೂಕಿನ ಮಂಚೀಕೇರಿಯಲ್ಲಿ ಈ ಲಯ ಒಮ್ಮೆ ನಾಟಕವಾಯಿತು. ನೈಜೀರಿಯಾದ ಚಿನುವಾ ಅಚಿಬೆ 1958ರಲ್ಲಿ ಪ್ರಕಟಿಸಿದ 'ಥಿಂಗ್ಸ್ ಫಾಲ್ ಅಪಾರ್ಟ್' ಕಾದಂಬರಿಯನ್ನು ಆಧರಿಸಿದ 'ಕಪ್ಪು ಜನ ಕೆಂಪು ನೆರಳು' ನಾಟಕವನ್ನು ಚಿದಂಬರರಾವ್ ಜಂಬೆಯವರು ಸಿದ್ದಿಗಳಿಂದಲೇ ಆಡಿಸಿದರು. ಆಫ್ರಿಕಾದ ಕತೆ ಇಂಗ್ಲಿಷಿನ ಮೂಲಕ ಕನ್ನಡಕ್ಕೆ ಬಂದು, ಆಫ್ರಿಕಾ ಮೂಲದ ಕನ್ನಡಿಗರ ಬಾಯಿ ಸೇರಿತು. ಮಂಚೀಕೇರಿಯಿಂದ ಮುಂದೆ ರಂಗಭೂಮಿಗೂ ಸಿನಿಮಾಕ್ಕೂ ಸಿದ್ದಿ ನಟನಟಿಯರು ಬಂದರು. ಕರ್ಣ ಸುಳ್ಳು ಹೇಳಿ ಪಡೆಯಬೇಕಾದ ಶಬ್ದವನ್ನು ಇವರು ತಮ್ಮ ಹೆಸರಿನಲ್ಲೇ ಪಡೆದರು ಎಂಬುದು ಈ ಪ್ರಯೋಗದ ಮಹತ್ವ.

ಮುಸ್ಲಿಂ ಓದುಗರಿಗೆ ಇಲ್ಲಿ ಹಜ್ರತ್ ಬಿಲಾಲ್ ನೆನಪಾಗದೆ ಇರಲಾರರು. ಮದೀನಾದಲ್ಲಿ ಜನರನ್ನು ನಮಾಜಿಗೆ ಕರೆಯುವುದು ಹೇಗೆಂಬ ಮಾತು ಬಂದಾಗ ಕಹಳೆ, ಗಂಟೆಗಳ ಸಲಹೆ ಬಂದಿತ್ತು, ಕೊನೆಗೆ ಆಯ್ಕೆಯಾದದ್ದು ಮನುಷ್ಯನ ದನಿ ಎಂದು ಪರಂಪರೆ ಹೇಳುತ್ತದೆ. ಆ ದನಿ ಅಬಿಸೀನಿಯಾ ಮೂಲದ, ಗುಲಾಮಗಿರಿಯಿಂದ ಬಿಡುಗಡೆಗೊಂಡ ಬಿಲಾಲರದು. ಉಪಕರಣವನ್ನು ಬಿಟ್ಟು ಕಂಠವನ್ನು, ಅದರಲ್ಲೂ ಸಮಾಜದ ಕೆಳಗಿನ ಮೆಟ್ಟಿಲಲ್ಲಿದ್ದವನ ಕಂಠವನ್ನು ಆರಿಸಿದ ಆ ತೀರ್ಮಾನ ಶಬ್ದದ ಇತಿಹಾಸದಲ್ಲಿ ಒಂದು ದೊಡ್ಡ ಘಟನೆ. ಅದನ್ನು ಹೆಮ್ಮೆಯಿಂದ ಹೇಳಿಕೊಳ್ಳುವ ನಾವು ನಮ್ಮ ಜಮಾತುಗಳಲ್ಲಿ ಸಿದ್ದಿ ಮುಸ್ಲಿಮರನ್ನು ಯಾವ ಸಾಲಿನಲ್ಲಿ ಕೂರಿಸಿದ್ದೇವೆ ಎಂದು ನಮ್ಮನ್ನೇ ಕೇಳಿಕೊಳ್ಳಬೇಕು. ಅಂಗಳದ ಪ್ರಶ್ನೆ ಹವ್ಯಕರ ಜಗಲಿಯೊಂದಕ್ಕೇ ಸೇರಿದ್ದಲ್ಲ.

ಶಬ್ದ ರಥವನ್ನು ಎಬ್ಬಿಸುವಂತೆ ಮನುಷ್ಯರನ್ನೂ ಎಬ್ಬಿಸುತ್ತದೆ. ಕನ್ನಡದ ಜನಪ್ರಿಯ ರಂಗಗಳಲ್ಲಿ ಒಂದು ಹಳೆಯ ಸಲೀಸು ದಾರಿ ಇದೆ. ಹಾಸ್ಯಗಾರ ಲಿಂಗ, ವಚನ ತಪ್ಪಿಸಿ ಒಂದು ವಾಕ್ಯವನ್ನು ಮುರಿದು ಆಡುತ್ತಾನೆ. ವೇಷ ಬೇಡ, ಟೋಪಿ ಬೇಡ. ಆ ಒಂದು ವಾಕ್ಯಕ್ಕೆ 'ಸಾಬಿ' ಸಭೆಯ ನಡುವೆ ಎದ್ದು ನಿಲ್ಲುತ್ತಾನೆ, ಜನ ನಗುತ್ತಾರೆ. ಕಲೆಯ ಲೆಕ್ಕದಲ್ಲಿ ಇದು ರಥ ಎಬ್ಬಿಸುವ ಕೌಶಲವೇ. ವ್ಯತ್ಯಾಸವೆಂದರೆ ಕರ್ಣನ ರಥವನ್ನು ಕೇಳುಗ ಹೊಸದಾಗಿ ಕಟ್ಟಿಕೊಳ್ಳಬೇಕು. ಸಾಬಿ ಅವನ ಕಿವಿಯೊಳಗೆ ಮೊದಲೇ ಕೂತಿರುತ್ತಾನೆ. ಕೇಳುಗ ಏನನ್ನೂ ಕಟ್ಟಬೇಕಾಗಿಲ್ಲ. ಆದ್ದರಿಂದಲೇ ಇದು ಅಗ್ಗದ ಕೆಲಸ. ಯಲ್ಲಾಪುರದಿಂದ ಬಹಳ ದೂರವೇನೂ ಇಲ್ಲದ ಶಿಶುನಾಳದ ಶರೀಫರ (1819-1889) ತತ್ವಪದಗಳನ್ನು ಈ ಭಾಗದ ಭಜನೆಗಳಲ್ಲಿ ಹಾಡುತ್ತಾರೆ. ಶರೀಫರ ಕನ್ನಡವನ್ನು ಎದೆಗಿಟ್ಟುಕೊಂಡ ಅದೇ ಕಿವಿ ಸಾಬಿಯ ಮುರುಕು ಮಾತಿಗೆ ನಗುವುದು ಸೋಜಿಗ. ಹಾಗೆಂದು ಯಕ್ಷಗಾನದಲ್ಲಿ ಮುಸ್ಲಿಮನಿಗೆ ಸಿಕ್ಕಿದ್ದು ನಗೆಪಾಟಲು ಮಾತ್ರ ಎನ್ನುವುದು ತಪ್ಪಾದೀತು. ಮುಲ್ಕಿಯ ಬಪ್ಪನಾಡು ದೇವಸ್ಥಾನದ ಐತಿಹ್ಯದಲ್ಲಿರುವ ವರ್ತಕ ಬಪ್ಪ ಬ್ಯಾರಿ ಕರಾವಳಿಯ ಆಟದಲ್ಲಿ ಪಾತ್ರವಾಗಿ ಬರುತ್ತಾನೆ. ಆ ಪಾತ್ರಕ್ಕೆ ಗೌರವವಿದೆ.

ಇನ್ನೂ ಮುಖ್ಯವಾದ ಉದಾಹರಣೆ ಸಂಪಾಜೆಯ ಜಬ್ಬಾರ್ ಸಮೋ ಅವರದು. ಮುಸ್ಲಿಮರಾದ ಇವರು ತಾಳಮದ್ದಳೆಯ ಹೆಸರಾಂತ ಅರ್ಥಧಾರಿ. ಅವರು ಪುರಾಣದ ಪಾತ್ರವಾಗಿ ಮಾತಾಡತೊಡಗಿದಾಗ ಸಭೆಗೆ ಕಾಣುವುದು ಆ ಪಾತ್ರವೇ. ವೇಷವಿಲ್ಲದ ಕಲೆಯಾದ್ದರಿಂದ ಹೆಸರು, ಮುಖ, ಹುಟ್ಟು ಯಾವುದನ್ನೂ ಬಣ್ಣದಡಿ ಮುಚ್ಚುವಂತಿಲ್ಲ. ಎಲ್ಲ ಗೊತ್ತಿದ್ದೂ ಸಭೆ ಒಪ್ಪುತ್ತದೆ. ತಾಳಮದ್ದಳೆಯ ಅತ್ಯುತ್ತಮ ಗುಣ ಯಾವುದೆಂದರೆ ನಾನು ಇದನ್ನೇ ಹೇಳುತ್ತೇನೆ. ಸುಳ್ಳು ಹೇಳದೆ ಕೂತವನಿಗೂ ಶಬ್ದ ಬರುತ್ತದೆ. ಪರಶುರಾಮನ ಆಶ್ರಮದಲ್ಲಿ ಸಾಧ್ಯವಾಗದ್ದು ಈ ಜಮಖಾನದ ಮೇಲೆ ಸಾಧ್ಯವಾಗಿದೆ. ಅದು ಒಬ್ಬಿಬ್ಬರ ಮಾತಾಗಿ ಉಳಿಯದೆ ರೂಢಿಯಾಗಬೇಕಾದದ್ದು ಮುಂದಿನ ಕೆಲಸ.

ಈಗ ಶಬ್ದದ ಗಾತ್ರದ ಬಗ್ಗೆ ಒಂದು ಮಾತು. ಸಿದ್ದಾಪುರ ತಾಲೂ್ಕಿನಲ್ಲಿ ಅಘನಾಶಿನಿ ನದಿ ಧುಮುಕುವ ಉಂಚಳ್ಳಿ ಜಲಪಾತವಿದೆ. 1845ರಲ್ಲಿ ಬ್ರಿಟಿಷ್ ಅಧಿಕಾರಿ ಲುಷಿಂಗ್ಟನ್ ಅದನ್ನು ಕಂಡನೆಂದು ಅವನ ಹೆಸರನ್ನೂ ಅದಕ್ಕೆ ಅಂಟಿಸಿದ್ದಾರೆ. ಊರವರು ಇಟ್ಟ ಹೆಸರು ಕೆಪ್ಪ ಜೋಗ. ಅದರ ಬೋರ್ಗರೆತಕ್ಕೆ ಕಿವಿ ಕೆಪ್ಪಾಗುತ್ತದೆಂಬ ಅರ್ಥದಲ್ಲಿ. ಹತ್ತಿರ ನಿಂತರೆ ಪಕ್ಕದವನ ಮಾತೂ ಕೇಳದು. ಸದ್ದು ದೊಡ್ಡದಾದಷ್ಟೂ ಕಾಣಿಸುವುದು ಹೆಚ್ಚುತ್ತದೆ ಎಂದು ತಿಳಿದವರು ಒಮ್ಮೆ ಅಲ್ಲಿಗೆ ಹೋಗಿ ಬರಬೇಕು. ನಮ್ಮ ಎಲ್ಲ ಸಮುದಾಯಗಳ ಧ್ವನಿವರ್ಧಕಗಳು ಈಚೆಗೆ ಈ ಕೆಪ್ಪ ಜೋಗದ ದಾರಿ ಹಿಡಿದಿವೆ. 2000ದ ಶಬ್ದಮಾಲಿನ್ಯ ನಿಯಮಗಳು ರಾತ್ರಿ 10ರಿಂದ ಬೆಳಗಿನ 6ರವರೆಗೆ ಬಯಲಿನಲ್ಲಿ ಧ್ವನಿವರ್ಧಕ ಬಳಸುವುದನ್ನು ತಡೆದವು. 2005ರಲ್ಲಿ ಸುಪ್ರೀಂ ಕೋರ್ಟು ಅದನ್ನು ಗಟ್ಟಿಮಾಡಿತು. 2022ರಲ್ಲಿ ಕರ್ನಾಟಕದಲ್ಲಿ ಆಜಾನಿನ ಮೈಕನ್ನು ಗುರಿಮಾಡಿ ದೊಡ್ಡ ಗದ್ದಲವೆದ್ದಿತು. ಅದೇ ವರ್ಷದ ಕೊನೆಗೆ ಅದೇ ನಿಯಮದ ಕಾರಣದಿಂದ ಕಟೀಲು ಮೇಳ ಇಡೀ ರಾತ್ರಿಯ ಆಟ ಬಿಟ್ಟು ಕಾಲಮಿತಿಗೆ ಬಂತು. ಭಕ್ತರು ನೊಂದುಕೊಂಡರು. ಇನ್ನೊಬ್ಬರ ಮನೆಯ ಶಬ್ದವನ್ನು ಅಡಗಿಸಲು ಹಿಡಿದ ಕೋಲು ನಮ್ಮ ಅಂಗಳಕ್ಕೂ ಬರುತ್ತದೆ ಎಂಬ ಪಾಠವನ್ನು ಎರಡೂ ಕಡೆಯವರು ಇದರಿಂದ ಕಲಿಯಬಹುದಿತ್ತು. ಬಿಲಾಲರ ಕಂಠಕ್ಕೆ ಮೈಕಿರಲಿಲ್ಲ. ಜಗಲಿಯ ಕರ್ಣನಿಗೂ ಇರಲಿಲ್ಲ. ಇಬ್ಬರಿಗೂ ಇದ್ದದ್ದು ಹತ್ತಿರದಲ್ಲಿ ಕಿವಿಗೊಟ್ಟು ನಿಂತ ಜನ.

ಕಿವಿಗೊಡುವುದು ಎಂಬ ಕನ್ನಡದ ಮಾತು ಅರ್ಥಪೂರ್ಣವಾಗಿದೆ. ನಾವು ಕಿವಿಯನ್ನು ಕೊಡುತ್ತೇವೆ. ಕೊಟ್ಟರೆ ಮಾತ್ರ ಎದುರಿನವನ ಮಾತು ನಮ್ಮಲ್ಲಿ ವಸ್ತುವಾಗುತ್ತದೆ. ತಾಳಮದ್ದಳೆಯನ್ನು ನಾನು ದೊಡ್ಡ ಕಲೆಯೆಂದು ಮನ್ನಿಸುವುದು ಅದರ ಪಾಂಡಿತ್ಯಕ್ಕಲ್ಲ. ಎದುರು ಪಕ್ಷದವನು ಕಟ್ಟಿದ್ದನ್ನು ಒಪ್ಪಿಕೊಂಡೇ ಅವನೊಡನೆ ವಾದಿಸಬೇಕೆಂಬ ಕಟ್ಟುಪಾಡಿಗೆ. ನಮ್ಮ ಸಾರ್ವಜನಿಕ ಜೀವನದಲ್ಲಿ ಬಹುತೇಕ ಕಾಣೆಯಾಗಿರುವ ಗುಣ ಅದು. ಅದನ್ನು ಉಳಿಸಿಕೊಂಡ ಕೂಟಗಳು ಶಿರಸಿ, ಸಿದ್ದಾಪುರ, ಯಲ್ಲಾಪುರಗಳಲ್ಲಿ ಇನ್ನೂ ಇವೆ. ಅವುಗಳೆದುರು ಎರಡು ಕೋರಿಕೆಗಳನ್ನು ಇಡಬಹುದು. ಶ್ಲೋಕಗಳ ಪೈಪೋಟಿ ಬಿಟ್ಟು ಗಾಲಿಯನ್ನು, ಮಣ್ಣನ್ನು, ಕುದುರೆಯನ್ನು ಮತ್ತೆ ಕಾಣಿಸಲಿ. ಕಂಬಳಿ ಕೊಪ್ಪೆಯಡಿ ನಿಂತು ಇಷ್ಟು ಕಾಲ ರಥವನ್ನು ಎತ್ತಿಹಿಡಿದವರಲ್ಲಿ ಒಬ್ಬರನ್ನು ಮುಂದಿನ ಮಳೆಗಾಲಕ್ಕೆ ಜಮಖಾನದ ಮೇಲೆ ಕೂರಿಸಲಿ. ಸುಳ್ಳು ಹೇಳಿ ಮಂತ್ರ ಕಲಿಯಬೇಕಾಗಿ ಬಂದವನ ದುಃಖ ಏನೆಂದು ಹೇಳಲು ಅವರಿಗೆ ಪಾಠಾಂತರ ಬೇಕಾಗಲಾರದು.